ಮಾಡಿ ತೋರಿಸಿದ ಕೋಚ್: ಎರ್ನ್ಸ್ಟ್ ಹಾಪೆಲ್

ಕೋಲಾರ ಜಿಲ್ಲೆಯ ದೈಹಿಕ ಶಿಕ್ಷಕರೂ ಕೆ.ಜಿ.ಎಫ್.ನ ಹಿರಿಯ ಆಟಗಾರರೂ ತುಂಬಿರುವ ಈ ಸಭೆಗೆ ಫುಟ್‌ಬಾಲಿನ ಪರಿಚಯ ಮಾಡಿಕೊಡುವ ಅಗತ್ಯವಿಲ್ಲ. ಆದರೆ ನೆರಳಿನಲ್ಲಿ ನಿಂತು ಸೀಟಿ ಊದುವುದೇ ತರಬೇತಿ ಎಂಬ ಅಭ್ಯಾಸ ನಮ್ಮ ಶಾಲೆಗಳಲ್ಲಿ ಬೇರೂರುತ್ತಿರುವುದು ನನ್ನನ್ನು ಕಾಡುತ್ತಿದೆ. ಆದ್ದರಿಂದಲೇ ವಿಯೆನ್ನಾದ ಎರ್ನ್ಸ್ಟ್ ಹಾಪೆಲ್ ಅವರನ್ನು ಇಂದು ನೆನೆಯುತ್ತಿದ್ದೇನೆ.

ಹಾಪೆಲ್ ರಾಪಿಡ್ ವಿಯೆನ್ನಾದ ಡಿಫೆಂಡರ್. 1956ರಲ್ಲಿ ಯುರೋಪಿನ ಚಾಂಪಿಯನ್ ಕ್ಲಬ್‌ಗಳ ಟೂರ್ನಿಯಾದ ಯುರೋಪಿಯನ್ ಕಪ್‌ನ ಪಂದ್ಯವೊಂದರಲ್ಲಿ ರಿಯಲ್ ಮ್ಯಾಡ್ರಿಡ್ ವಿರುದ್ಧ ರಾಪಿಡ್ 3-1ರಿಂದ ಗೆದ್ದಾಗ ಆ ಮೂರೂ ಗೋಲುಗಳನ್ನು ಹೊಡೆದವರು ಇದೇ ಡಿಫೆಂಡರ್! ಚೆಂಡು ಅವರ ಕಾಲಿನ ಮಾತು ಕೇಳುತ್ತಿತ್ತು.

1962ರಲ್ಲಿ ಅವರು ನೆದರ್ಲೆಂಡ್ಸಿನ ಹೇಗ್ ನಗರದ ಎ.ಡಿ.ಒ. ತಂಡಕ್ಕೆ ಕೋಚ್ ಆಗಿ ಹೋದರು. ಪರದೇಶ, ಪರಭಾಷೆ, ಮೇಲಾಗಿ ಮಿತಭಾಷಿ. ಆ ದಿನಗಳದೆಂದು ಫುಟ್‌ಬಾಲ್ ವಲಯದಲ್ಲಿ ಇಂದಿಗೂ ಹೇಳುವ ಪ್ರಸಂಗವೊಂದಿದೆ. ಗೋಲಿನ ಅಡ್ಡಪಟ್ಟಿಯ ಮೇಲೆ ಖಾಲಿ ತಂಪುಪಾನೀಯದ ಡಬ್ಬಿಯೊಂದನ್ನು ಇಡಿಸಿದ ಹಾಪೆಲ್, ದೂರದಿಂದ ಒದ್ದು ಅದನ್ನು ಬೀಳಿಸುವಂತೆ ಆಟಗಾರರಿಗೆ ಸೂಚಿಸಿದರು. ಒಬ್ಬೊಬ್ಬರಾಗಿ ಒದ್ದರು, ಚೆಂಡು ಪಟ್ಟಿಯ ಮೇಲಿಂದಲೋ ಕೆಳಗಿಂದಲೋ ಹಾಯ್ದುಹೋಯಿತು, ಡಬ್ಬಿ ಮಾತ್ರ ಅಲುಗಲಿಲ್ಲ. ಕೊನೆಗೆ ಹಾಪೆಲ್ ತಾವೇ ಚೆಂಡಿಟ್ಟು ಒದ್ದರು. ಮೊದಲ ಹೊಡೆತಕ್ಕೇ ಡಬ್ಬಿ ಹಾರಿಬಿತ್ತು. ಅನಂತರ ಆ ತಂಡದಲ್ಲಿ ಅವರ ಮಾತಿಗೆ ಎದುರಾಡುವವರಿರಲಿಲ್ಲವಂತೆ. ಸ್ನೇಹಿತರೇ, ಯಾವ ಪ್ರಮಾಣಪತ್ರ ಈ ಗೌರವವನ್ನು ತಂದುಕೊಟ್ಟೀತು? 1968ರಲ್ಲಿ ಎ.ಡಿ.ಒ. ಡಚ್ ಕಪ್ ಗೆದ್ದಿತು.

ಮುಂದೆ ನೆದರ್ಲೆಂಡ್ಸಿನದೇ ಫೆಯನೂರ್ಡ್ ಕ್ಲಬ್. 1970ರ ಮೇ 6ರಂದು ಮಿಲಾನಿನಲ್ಲಿ ನಡೆದ ಯುರೋಪಿಯನ್ ಕಪ್ ಫೈನಲಿನಲ್ಲಿ ಎದುರಾಳಿ ಸೆಲ್ಟಿಕ್. 1-1ರ ಸಮಬಲದಲ್ಲಿ ಹೆಚ್ಚುವರಿ ಸಮಯವೂ ಮುಗಿಯುತ್ತಾ ಬಂದಿತ್ತು. ಉದ್ದನೆಯ ಫ್ರೀ ಕಿಕ್ಕೊಂದನ್ನು ತಡೆಯಲು ಹಿಂದಕ್ಕೆ ಸರಿಯುತ್ತಿದ್ದ ಸೆಲ್ಟಿಕ್ ನಾಯಕ ಬಿಲ್ಲಿ ಮೆಕ್‌ನೀಲ್ ಅವರ ಕೈಗೆ ಚೆಂಡು ತಾಗಿತು. ಫೆಯನೂರ್ಡಿನ ಊವೆ ಕಿಂಡ್‌ವಾಲ್ ಪೆನಾಲ್ಟಿಗಾಗಿ ಕಾಯದೆ ಅದನ್ನು ಗೋಲ್‌ಕೀಪರಿನ ಮೇಲಿಂದ ಎತ್ತಿ ಹಾಕಿದರು. ಯುರೋಪಿಯನ್ ಕಪ್ ಮೊದಲ ಬಾರಿಗೆ ಡಚ್ ತಂಡವೊಂದರ ಪಾಲಾಯಿತು. ಅದನ್ನು ಸಾಧಿಸಿಕೊಟ್ಟವರು ಆಸ್ಟ್ರಿಯಾದವರು ಎಂಬುದನ್ನು ದಯವಿಟ್ಟು ಗಮನಿಸಿ. ಹೊರಗಿನಿಂದ ಬಂದವರನ್ನು ಆಟಗಾರರು ಒಪ್ಪುವುದಿಲ್ಲ ಎನ್ನುವವರಿಗೆ ನಾನು ಕೊಡುವ ಉತ್ತರ ಅದೇ: ಅವರು ಮಾಡಿ ತೋರಿಸಿದ್ದರು.

ಅಧ್ಯಕ್ಷರು ಗಡಿಯಾರ ನೋಡುತ್ತಿದ್ದಾರೆ. ಉಳಿದುದನ್ನು ಬೇಗ ಹೇಳುತ್ತೇನೆ. ಬೆಲ್ಜಿಯಮ್ಮಿನ ಕ್ಲಬ್ ಬ್ರೂಗ್ ಅವರ ಕೈಯಲ್ಲಿ 1976ರಿಂದ ಸತತ ಮೂರು ಬಾರಿ ಲೀಗ್ ಗೆದ್ದಿತು. 1978ರ ವಿಶ್ವಕಪ್ಪಿನಲ್ಲಿ ನೆದರ್ಲೆಂಡ್ಸ್ ತಂಡವನ್ನು ಫೈನಲಿಗೆ ಕೊಂಡೊಯ್ದರು. ಪಂದ್ಯ 1-1ರಲ್ಲಿದ್ದಾಗ, ನಿಗದಿತ ಸಮಯದ ಕೊನೆಯ ಗಳಿಗೆಯಲ್ಲಿ ಅವರ ತಂಡದ ರೆನ್ಸೆನ್‌ಬ್ರಿಂಕ್ ಒದ್ದ ಚೆಂಡು ಕಂಬಕ್ಕೆ ಬಡಿಯಿತು; ಬಳಿಕ ಅರ್ಜೆಂಟೀನಾ 3-1ರಿಂದ ಗೆದ್ದಿತು. 1983ರಲ್ಲಿ ಅವರ ತರಬೇತಿಯ ಹ್ಯಾಂಬರ್ಗ್ ತಂಡ ಯುರೋಪಿಯನ್ ಕಪ್ ಫೈನಲಿನಲ್ಲಿ ಯುವೆಂಟಸನ್ನು ಮಣಿಸಿದಾಗ, ಎರಡು ಬೇರೆ ಬೇರೆ ಕ್ಲಬ್‌ಗಳಿಗೆ ಯುರೋಪಿಯನ್ ಕಪ್ ಗೆದ್ದುಕೊಟ್ಟ ಮೊದಲ ಕೋಚ್ ಹಾಪೆಲ್ ಆದರು.

ಸಂಘಟಕರಲ್ಲಿ ನನ್ನದೊಂದೇ ಕೋರಿಕೆ. ಬೇಸಿಗೆ ಶಿಬಿರಕ್ಕೆ ತರಬೇತುದಾರರನ್ನು ಆರಿಸುವಾಗ ಅರ್ಜಿಗಳನ್ನು ಕಚೇರಿಯಲ್ಲಿ ಪರಿಶೀಲಿಸಿದ ಮೇಲೆ, ಅರ್ಜಿದಾರರನ್ನು ಒಂದು ಬೆಳಗ್ಗೆ ಮಕ್ಕಳ ಎದುರಿನಲ್ಲೇ ಮೈದಾನಕ್ಕೆ ಇಳಿಸಿ.