ಅಕ್ಕನ ಗುಡ್ಲು, ದಾಸವಾಳದ ಪಾಠ

ಕೇಳುಗರಿಗೆ ನಮಸ್ಕಾರ.

1973ರಲ್ಲಿ ನಾನು ಏಳನೇ ಕ್ಲಾಸು. ಆ ವರ್ಷ ನಮ್ಮಕ್ಕ ದೊಡ್ಡವಳಾದಳು. ಮಂಡ್ಯ ಕಡೆಯ ಹಳ್ಳಿ ನಮ್ಮದು. ಸೋದರಮಾವ ಬಂದು ತೆಂಗಿನ ಗರಿ, ಹಸಿ ಸೊಪ್ಪು ಕಟ್ಟಿ ಗುಡ್ಲು ಹಾಕಿದರು. ಅಕ್ಕನನ್ನು ಅದರೊಳಗೆ ಕೂರಿಸಿದರು. ಕೇರಿಯ ಹೆಂಗಸರೆಲ್ಲ ಸೇರಿ ಆರತಿ ಎತ್ತಿದರು, ಸೋಬಾನೆ ಹಾಡಿದರು. ಎಳ್ಳು ಬೆಲ್ಲ ಕುಟ್ಟಿದ ಚಿಗಳಿ, ಕೊಬ್ಬರಿ, ತುಪ್ಪ ತಿನ್ನಿಸಿದರು. ಊರಿಗೆಲ್ಲ ಗೊತ್ತಾಯ್ತು. ಮೈಯಲ್ಲಿ ಆಗಿದ್ದೇನು ಅಂತ ಅಕ್ಕನಿಗೆ ಮಾತ್ರ ಯಾರೂ ಹೇಳಲಿಲ್ಲ.

ಎಷ್ಟೋ ವರ್ಷದ ಮೇಲೆ ಅವಳೇ ಹೇಳಿದಳು. "ಹಿತ್ತಲಲ್ಲಿ ರಕ್ತ ನೋಡಿ ಸತ್ತೋಯ್ತೀನಿ ಅನ್ಕಂಡೆ ಕಣ್ಲಾ. ಅವ್ವ ಹಳೇ ಸೀರೆ ಹರಿದು ಕೊಟ್ಟು, ಯಾರನ್ನೂ ಮುಟ್ಬೇಡ ಅಂತು. ಅಷ್ಟೇ."

ಅವ್ವನ ಮೇಲೆ ನನಗೆ ಸಿಟ್ಟಿಲ್ಲ. ಅವಳಿಗೂ ಯಾರೂ ಹೇಳಿರಲಿಲ್ಲ, ಅಲ್ವಾ?

ಹುಡುಗರಾದ ನಮಗೆ ಆರತಿಯೂ ಇರಲಿಲ್ಲ. ಗಂಟಲು ಒಡೆಯಿತು, ಮೀಸೆ ಚಿಗುರಿತು. ರಾತ್ರಿ ನಿದ್ದೆಯಲ್ಲಿ ಬಟ್ಟೆ ಒದ್ದೆಯಾದರೆ ಏನೋ ರೋಗ ಬಂತು ಅಂತ ಒಳಗೊಳಗೇ ನಡುಗುತ್ತಿದ್ದೆವು. ಬಸ್ ಸ್ಟ್ಯಾಂಡಿನ ಗೋಡೆ ಮೇಲಿನ 'ಗುಪ್ತರೋಗ' ಜಾಹೀರಾತೇ ನಮಗೆ ಮೇಷ್ಟ್ರು. ಒಂದು ತೊಟ್ಟು ವೀರ್ಯ ಅಂದ್ರೆ 40 ತೊಟ್ಟು ರಕ್ತ ಅಂತ ದೊಡ್ಡ ಹುಡುಗರು ಹೇಳುತ್ತಿದ್ದರು. ಶುದ್ಧ ಸುಳ್ಳು. ವಯಸ್ಸಿಗೆ ಬಂದ ಹುಡುಗರಲ್ಲಿ ಅದು ಸಹಜ, ಅದರಿಂದ ಶಕ್ತಿ ಸೋರಿಹೋಗೋದಿಲ್ಲ. ಹೀಗೆ ಹೆದರಿ ಸೊರಗಿ ಬರುವ ಗಂಡಸರನ್ನು ನೋಡಿ, ಮನೋವೈದ್ಯ ಡಾ. ಎನ್.ಎನ್. ವಿಗ್ ಅವರು 1960ರಲ್ಲೇ ಆ ಕೊರಗಿಗೆ 'ಧಾತ್ ಸಿಂಡ್ರೋಮ್' ಅಂತ ಹೆಸರಿಟ್ಟಿದ್ದರು. ನಮ್ಮ ಹಳ್ಳಿಗೆ ಆ ಮಾತು ಬರಲೇ ಇಲ್ಲ.

ಇನ್ನು ಶಾಲೆ. ಮೇಷ್ಟ್ರು ದಾಸವಾಳದ ಹೂವನ್ನು ಉದ್ದಕ್ಕೆ ಸೀಳಿ ಕೇಸರ, ಶಲಾಕೆ, ಅಂಡಾಶಯ ಎಲ್ಲ ಚೆನ್ನಾಗಿ ತೋರಿಸಿದರು. ಪರಾಗ ನನ್ನ ಬೆರಳಿಗೆ ಹಳದಿಯಾಗಿ ಅಂಟಿತ್ತು. ಮನುಷ್ಯರ ಪಾಠ ಬಂದಾಗ ಮಾತ್ರ, "ಇದನ್ನ ಮನೇಲಿ ಓದ್ಕೊಳ್ಳಿ" ಅಂದು ಪುಟ ಮಗುಚಿದರು. ಮನೆಯಲ್ಲಿ ಯಾರನ್ನು ಕೇಳೋದು?

ಕನ್ನಡದಲ್ಲಿ ಇದನ್ನು ಮಕ್ಕಳಿಗೆ ಬಿಡಿಸಿ ಹೇಳಿದವರಲ್ಲಿ ನಾನು ಮೊದಲು ನೆನೆಯೋದು ಡಾ. ಅನುಪಮಾ ನಿರಂಜನ ಅವರನ್ನು. ವೈದ್ಯೆ, ಕಾದಂಬರಿಕಾರ್ತಿ. ಹುಡುಗಿಯರಿಗಾಗಿಯೇ 'ಕೇಳು ಕಿಶೋರಿ' ಬರೆದರು. ಅಕ್ಕನ ಮಗಳಿಗೆ ಹನ್ನೊಂದು ತುಂಬಿದಾಗ ಆ ಪುಸ್ತಕ ಕೊಂಡು ಕೊಟ್ಟೆ. ಮಗಳ ಕೈಗೆ ಕೊಡುವ ಮೊದಲು ಅಕ್ಕ ತಾನೇ ದೀಪದ ಕೆಳಗೆ ಕೂತು, ಸಾಲಿಗೆ ಬೆರಳಿಟ್ಟುಕೊಂಡು, ಮೊದಲಿಂದ ಕೊನೆಯವರೆಗೆ ಓದಿದಳು.

ನಮಸ್ಕಾರ.