ಮೂರು ಸಾಲಿನ ಹಿಂಬರಹ

ಅಧ್ಯಕ್ಷರೇ, ವಕೀಲ ಮಿತ್ರರೇ, ಹಿಂದಿನ ಸಾಲನ್ನೇ ಹುಡುಕಿ ಕುಳಿತಿರುವ ಕಾನೂನು ವಿದ್ಯಾರ್ಥಿಗಳೇ,

ಶಿಕ್ಷೆಯ ನಡುವೆ ಕೈದಿಯನ್ನು ಕೆಲವು ದಿನ ಹೊರಗೆ ಬಿಡುವ ಪೆರೋಲ್ ಹಕ್ಕೋ ರಿಯಾಯಿತಿಯೋ ಎಂಬುದನ್ನು ಬೆಳಗಿನ ಗೋಷ್ಠಿಯಲ್ಲಿ ಸಾಕಷ್ಟು ಕಡೆದಿದ್ದೀರಿ. ಹಕ್ಕಲ್ಲ ಎಂದೇ ಇಟ್ಟುಕೊಳ್ಳೋಣ. 2021ರಲ್ಲಿ ನಾರಾಯಣ ಸಾಯಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಫರ್ಲೋ ಎಂಬ ಕೈದಿಯ ರಜೆಯ ಬಗ್ಗೆಯೂ ಅದನ್ನೇ ಹೇಳಿ, ಗುಜರಾತ್ ಹೈಕೋರ್ಟ್ ಕೊಟ್ಟಿದ್ದ ಎರಡು ವಾರವನ್ನು ರದ್ದು ಮಾಡಿತು. ಆಗಲಿ. ಆದರೆ ಹಕ್ಕಲ್ಲದ್ದನ್ನು ಕೇಳಿದವನಿಗೂ ಇಲ್ಲ ಎನ್ನುವಾಗ ಕಾರಣ ಹೇಳಬೇಕೋ ಬೇಡವೋ? ನನ್ನ ತಕರಾರು ಅಷ್ಟೇ.

ಬಹಳ ಹಿಂದಿನ ಮಾತು. ಜೀವಾವಧಿ ಶಿಕ್ಷೆಯಲ್ಲಿದ್ದ ನನ್ನ ಕಕ್ಷಿದಾರನೊಬ್ಬ ಮಗಳ ಮದುವೆಗೆಂದು ಪೆರೋಲ್ ಕೇಳಿದ. ಲಗ್ನಪತ್ರಿಕೆಯನ್ನೂ ಲಗತ್ತಿಸಿದ್ದ. ಅರ್ಜಿಗೆ ಕಚೇರಿಯ ಉತ್ತರವಾಗಿ ಬಂದದ್ದು ಮೂರು ಸಾಲಿನ ಹಿಂಬರಹ: ಪೊಲೀಸ್ ವರದಿ ವ್ಯತಿರಿಕ್ತವಾಗಿರುವುದರಿಂದ ಕೋರಿಕೆಯನ್ನು ಪರಿಗಣಿಸಲು ಅವಕಾಶವಿರುವುದಿಲ್ಲ. ವರದಿಯನ್ನು ತರಿಸಿ ನೋಡಿದರೆ ಗ್ರಾಮಸ್ಥರ ವಿರೋಧವಿದೆ, ಶಾಂತಿಭಂಗದ ಸಂಭವವಿದೆ ಎಂದಿತ್ತು. ಗ್ರಾಮಸ್ಥರು ಎಂದರೆ ಇಬ್ಬರ ಸಹಿ. ಒಂದು ಭಾನುವಾರ ನಾನೇ ಆ ಊರಿಗೆ ಹೋದೆ. ಬಸ್ ಇಳಿದು ನಾಲ್ಕು ಕಿಲೋಮೀಟರ್ ನಡೆದದ್ದು, ಕರಿಕೋಟಿಗೆ ಹೆದರದ ನಾಯಿಯೊಂದು ಅಟ್ಟಿಸಿಕೊಂಡು ಬಂದದ್ದು, ಅದನ್ನೆಲ್ಲ ಊಟದ ಹೊತ್ತಿಗೆ ಹೇಳುತ್ತೇನೆ. ಸಹಿ ಹಾಕಿದ್ದ ಮೊದಲನೆಯವರು ಊರಲ್ಲಿರಲಿಲ್ಲ. ಎರಡನೆಯವರು ಆ ಮದುವೆ ಮನೆಯ ಮುಂದೆಯೇ ಚಪ್ಪರಕ್ಕೆ ಗಳ ನೆಡುತ್ತಿದ್ದರು! ನೀವು ವಿರೋಧಿಸಿದ್ದೀರಂತಲ್ಲ ಎಂದೆ. "ಯಾವುದಕ್ಕೆ ಸ್ವಾಮಿ? ಬಗರ್‌ಹುಕುಂ ಅರ್ಜಿ ಎಂದುಕೊಂಡು ಸಹಿ ಹಾಕಿದ್ದೆ" ಎಂದರು. ಮಜ್ಜಿಗೆ ಕೊಟ್ಟರು, ಕುಡಿದೆ.

ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿನಲ್ಲಿ ರಿಟ್ ಅರ್ಜಿ ಹಾಕಿದೆವು. ಮೊದಲ ದಿನ ಸರ್ಕಾರಿ ವಕೀಲರು ಕಾಲಾವಕಾಶ ಕೇಳಿದರು. ಎರಡನೆಯ ಸಲ ಪೀಠವೇ ಕೂರಲಿಲ್ಲ. ಮೂರನೆಯ ಸಲ ಹಿಂಬರಹ ರದ್ದಾಯಿತು, ಎರಡು ವಾರದೊಳಗೆ ಮರುಪರಿಶೀಲಿಸಿ ಎಂದು ಆದೇಶವಾಯಿತು. ಮದುವೆಗೆ ಉಳಿದಿದ್ದದ್ದು ಎಂಟು ದಿನ. ಕೇಸು ಗೆದ್ದೆವು, ಧಾರೆ ಎರೆದವನು ಚಿಕ್ಕಪ್ಪ.

ನ್ಯಾಯಾಲಯ ನಿರ್ಧಾರವನ್ನಲ್ಲ, ನಿರ್ಧರಿಸಿದ ರೀತಿಯನ್ನು ನೋಡುತ್ತದೆ ಎಂದು ನಮಗೆಲ್ಲ ಬಾಯಿಪಾಠ. ನನಗೂ ಒಪ್ಪಿಗೆಯೇ. ಜೈಲು ಸೂಪರಿಂಟೆಂಡೆಂಟರ ಕುರ್ಚಿಯಲ್ಲಿ ನ್ಯಾಯಮೂರ್ತಿಗಳು ಕೂರಬೇಕಿಲ್ಲ. ಆದರೆ ತಾರೀಖು ಗೊತ್ತಾಗಿರುವ ಕೆಲಸಕ್ಕೆ, ಮದುವೆಗೋ ತಿಥಿಗೋ ಬಿತ್ತನೆಗೋ ಕೇಳಿದ ಪೆರೋಲನ್ನು ಮರುಪರಿಶೀಲನೆಗೆ ಕಳಿಸಿದರೆ ಅದೂ ಒಂದು ಬಗೆಯ ಹಿಂಬರಹವೇ. ನಮ್ಮ ಹೈಕೋರ್ಟಿಗೆ ಇದು ಗೊತ್ತಿಲ್ಲದ್ದೇನಲ್ಲ. 2023ರಲ್ಲಿ ಕೊಲೆ ಪ್ರಕರಣದ ಕೈದಿಯೊಬ್ಬನಿಗೆ ತನ್ನದೇ ಮದುವೆಗೆಂದು 15 ದಿನದ ಪೆರೋಲ್ ಕೊಡಿಸಿತು. ಮದುವೆಗೆ ಪೆರೋಲ್ ಎಂಬ ನಿಯಮವಿಲ್ಲ ಎಂದು ಸರ್ಕಾರ ವಾದಿಸಿದ್ದರೂ ಕೊಡಿಸಿತು. ಆಮೇಲೆ ಇನ್ನೊಬ್ಬನಿಗೆ ಹೊಲ ಉಳಲು 90 ದಿನ. ಜೈಲಿನ ಕೋಣೆಯಲ್ಲಿದ್ದವನಿಗಾಗಿ ಮುಂಗಾರು ಕಾಯುತ್ತದೆಯೇ?

ಕಾರಣದ ವಿಷಯಕ್ಕೆ ಮತ್ತೆ ಬರುತ್ತೇನೆ, ಬೇಸರಿಸಬೇಡಿ. ಆದೇಶದಲ್ಲಿ ಇಲ್ಲದ ಕಾರಣವನ್ನು ಆಮೇಲೆ ಕೋರ್ಟಿಗೆ ಕೊಡುವ ಪ್ರಮಾಣಪತ್ರದಲ್ಲಿ, ಅಂದರೆ ಅಫಿಡವಿಟ್ಟಿನಲ್ಲಿ, ತುಂಬುವಂತಿಲ್ಲ ಎಂದು ಮೊಹಿಂದರ್ ಸಿಂಗ್ ಗಿಲ್ ತೀರ್ಪು 1978ರ ಹೊತ್ತಿಗೇ ಸ್ಪಷ್ಟ ಮಾಡಿದೆ. ಅದು ಚುನಾವಣೆಯ ಕೇಸು, ನಿಜ. ಕೈದಿಗೆ ಅನ್ವಯಿಸುವುದಿಲ್ಲ ಎಂದು ಯಾರು ಹೇಳಿದರು? ಶಾಂತಿಭಂಗ ಎಂದರೆ ಯಾರ ಶಾಂತಿ, ಯಾವ ಸಂಗತಿಯಿಂದ ಹಾಗೆ ಎಣಿಸಿದಿರಿ ಎಂದು ಮೊದಲ ದಿನವೇ ಕೇಳಬೇಕು. ಕೊಲೆಯಾದವನ ಮನೆಯವರ ಭಯ ನಿಜವಾಗಿದ್ದರೆ ಅದೂ ವರದಿಯಲ್ಲಿ ವಿವರವಾಗಿ ಬರಲಿ. ಆಗ ನಾನೇ ತಲೆಬಾಗುತ್ತೇನೆ.

ಅಧ್ಯಕ್ಷರಿಂದ ಚೀಟಿ ಬಂತು. ಪೆರೋಲಿನ ದಿನಗಳನ್ನು ಶಿಕ್ಷೆಯಲ್ಲಿ ಎಣಿಸುವ ಬಗ್ಗೆ ಐದು ಪುಟ ಬರೆದುಕೊಂಡು ಬಂದಿದ್ದೆ, ಬಿಟ್ಟೆ. 2000ದ ಸುನಿಲ್ ಫುಲ್‌ಚಂದ್ ಶಾ ತೀರ್ಪನ್ನೂ ಗೋವಾದ ಕೈದಿಗಳ 2023ರ ತೀರ್ಪನ್ನೂ ಒಟ್ಟಿಗಿಟ್ಟುಕೊಂಡು ಓದಿಕೊಳ್ಳಿ, ಜಗಳಕ್ಕೆ ಒಳ್ಳೆಯ ವಿಷಯ.

ವಿದ್ಯಾರ್ಥಿಗಳಿಗೆ ಒಂದು ಮಾತು. ಪೆರೋಲಿನ ರಿಟ್ ಬರೆಯುವಾಗ ಮುಹೂರ್ತದ ತಾರೀಖನ್ನು ಮೊದಲ ಪುಟದಲ್ಲೇ ಬರೆಯಿರಿ, ಅಂತಿಮ ತೀರ್ಪಿಗೆ ಮುಂಚೆಯೇ ಸಿಗುವ ಮಧ್ಯಂತರ ಆದೇಶವನ್ನೂ ಕೇಳಿ. ನಾನು ಅಂದು ತಾರೀಖನ್ನು ಹನ್ನೊಂದನೆಯ ಪ್ಯಾರಾದಲ್ಲಿ ಬರೆದಿದ್ದೆ. ಮಧ್ಯಂತರ ಆದೇಶವನ್ನು ಕೇಳಿಯೇ ಇರಲಿಲ್ಲ.