ಕತ್ಯೂಷಾಳ ಊರು

ಮಾನ್ಯ ಅಧ್ಯಕ್ಷರೇ, ಸಂಗೀತಾಸಕ್ತ ಮಿತ್ರರೇ,

‘ಕತ್ಯೂಷಾ’ ಎಂಬ ರಷ್ಯನ್ ಹಾಡಿನ ರಾಗವನ್ನು ನಾನು ಇಲ್ಲಿ ಗುನುಗಿ ತೋರಿಸಬೇಕಾದ ಅಗತ್ಯವಿಲ್ಲ. ಆಹ್ವಾನ ಪತ್ರಿಕೆಯಲ್ಲಿ ಅದರ ಹೆಸರನ್ನು ಕಂಡೊಡನೆಯೇ ನಿಮ್ಮಲ್ಲಿ ಅನೇಕರು ಅದನ್ನು ಮನಸ್ಸಿನಲ್ಲಿ ಹಾಡಿಕೊಂಡಿರುತ್ತೀರಿ. ನನ್ನ ತಕರಾರು ಇಷ್ಟೇ: ಹಾಡು ಲೋಕಪ್ರಸಿದ್ಧವಾದಷ್ಟೂ ಅದರ ಊರು ಮರೆಯಾಗುತ್ತದೆ.

ಈ ಹಾಡಿನ ಊರು ರಷ್ಯಾದ ಪಶ್ಚಿಮ ಭಾಗದ ಸ್ಮೊಲೆನ್ಸ್ಕ್ ಪ್ರಾಂತ್ಯ. 1812ರಲ್ಲಿ ನೆಪೋಲಿಯನ್ನನ ಸೈನ್ಯವೂ 1941ರಲ್ಲಿ ಹಿಟ್ಲರನ ಸೈನ್ಯವೂ ಮಾಸ್ಕೋ ಕಡೆಗೆ ಹೊರಟಾಗ ತುಳಿದ ನೆಲ ಅದು. ಕವಿ ಮಿಖಾಯಿಲ್ ಇಸಕೋವ್‌ಸ್ಕಿ 1900ರಲ್ಲಿ ಹುಟ್ಟಿದ್ದು ಅಲ್ಲಿನ ಗ್ಲೋತೋವ್ಕಾ ಎಂಬ ಹಳ್ಳಿಯ ಬಡ ರೈತರ ಮನೆಯಲ್ಲಿ. ಆ ಸೀಮೆಯ ನದಿಯ ಹೆಸರು ಉಗ್ರಾ. ಹೆಸರು ಕೇಳಿ ನಮ್ಮವರು ನರಸಿಂಹನನ್ನು ನೆನೆಯಬಹುದು, ಆದರೆ ಸಂಸ್ಕೃತದ ಉಗ್ರನಿಗೂ ಆ ನದಿಗೂ ನಾನು ನೆಂಟಸ್ತಿಕೆ ಕಟ್ಟುವುದಿಲ್ಲ. ಹಾಡಿನ ಹುಡುಗಿ ಕತ್ಯೂಷಾ ನಿಂತು ಹಾಡುವ ಎತ್ತರದ ದಂಡೆ ಉಗ್ರೆಯದೇ ಎಂಬುದು ಅಲ್ಲಿಯವರ ನಂಬಿಕೆ. ನದಿದಡದ ವ್‌ಸ್ಖೋದಿ ಗ್ರಾಮದಲ್ಲಿ ಈ ಒಂದೇ ಹಾಡಿಗಾಗಿ ಒಂದು ವಸ್ತುಸಂಗ್ರಹಾಲಯವಿದೆ.

ಇಸಕೋವ್‌ಸ್ಕಿ ಮೊದಲೆರಡು ನುಡಿಗಳನ್ನು ಬರೆದು, ಮುಂದೆ ದಾರಿ ಕಾಣದೆ ಕೈಬಿಟ್ಟಿದ್ದರು. ಸಂಗೀತಗಾರ ಮತ್ವೇಯ್ ಬ್ಲಾಂತರ್ ಅಷ್ಟಕ್ಕೇ ರಾಗ ಹಾಕಿ, ಉಳಿದದ್ದನ್ನು ಕೊಡಿ ಎಂದು ದುಂಬಾಲು ಬಿದ್ದರು. 1938ರ ನವೆಂಬರಿನಲ್ಲಿ ಮಾಸ್ಕೋದಲ್ಲಿ ಜಾಝ್ ವಾದ್ಯವೃಂದದೊಡನೆ ವಲೆಂತೀನಾ ಬತಿಶ್ಚೇವಾ ಅದನ್ನು ಹಾಡಿದಾಗ, ನಮ್ಮ ಕಂಪನಿ ನಾಟಕಗಳ ಭಾಷೆಯಲ್ಲಿ ಹೇಳುವುದಾದರೆ, ಸಭೆ ‘ಒನ್ಸ್ ಮೋರ್’ ಎಂದು ಮತ್ತೆ ಮತ್ತೆ ಹಾಡಿಸಿತು. ಇದು ಯುದ್ಧಗೀತೆಯಲ್ಲ, ಆ ಕಾಲದ ಜನಪ್ರಿಯ ಹಾಡು ಎಂಬುದನ್ನು ದಯವಿಟ್ಟು ಮರೆಯಬೇಡಿ.

ಹಾಡಿನ ಹೆಸರು ಸೋವಿಯತ್ ಸೈನ್ಯದ ರಾಕೆಟ್ ಫಿರಂಗಿಗೆ ಅಂಟಿದ ಕಥೆ ನಿಮಗೆ ಗೊತ್ತು. 1941ರ ಜುಲೈ 14ರಂದು ಬೆಲಾರುಸ್‌ನ ಓರ್ಷಾ ರೈಲು ನಿಲ್ದಾಣದ ಮೇಲೆ ಆ ಫಿರಂಗಿಗಳನ್ನು ಮೊದಲು ಸಿಡಿಸಿದವನು ಕ್ಯಾಪ್ಟನ್ ಇವಾನ್ ಫ್ಲ್ಯೋರೊವ್. ಅದೇ ಅಕ್ಟೋಬರಿನಲ್ಲಿ ಅವನ ತುಕಡಿ ಶತ್ರುಗಳ ನಡುವೆ ಸಿಕ್ಕಿಬಿದ್ದು, ಫಿರಂಗಿಗಳನ್ನು ತಾನೇ ಸಿಡಿಸಿ ನಾಶಮಾಡಿತು. ಅವನು ಅಲ್ಲೇ ಸತ್ತ. ಎಲ್ಲಿ ಎಂದು ಕೇಳಿ. ಸ್ಮೊಲೆನ್ಸ್ಕ್ ಪ್ರಾಂತ್ಯದ ಬಗತೀರ್ ಎಂಬ ಹಳ್ಳಿಯ ಬಳಿ, ಕವಿ ಹುಟ್ಟಿದ ಆ ಸೀಮೆಯಲ್ಲಿಯೇ. ಹಾಡಿನ ಹೆಸರು ಹೊತ್ತ ಅಸ್ತ್ರ ಸುತ್ತಿ ಬಳಸಿ ಹಾಡಿನ ಊರಿಗೇ ಬಂದು ಮಣ್ಣಾಯಿತು.

ನಾನು ಇಂದು ನಿಜವಾಗಿ ಮಾತನಾಡಬೇಕೆಂದಿರುವುದು ಇದೇ ಕವಿ, ಇದೇ ಸಂಗೀತಗಾರ ಸೇರಿ ಮಾಡಿದ ಇನ್ನೊಂದು ಹಾಡಿನ ಬಗ್ಗೆ. ಕಣ್ಣಿನ ಕಾಯಿಲೆಯಿಂದಾಗಿ ಇಸಕೋವ್‌ಸ್ಕಿ ಯುದ್ಧಕ್ಕೆ ಹೋಗಲಾಗಲಿಲ್ಲ. ಎರಡು ವರ್ಷ ಶತ್ರುಗಳ ವಶದಲ್ಲಿದ್ದ ಸ್ಮೊಲೆನ್ಸ್ಕ್ ನಗರ 1943ರ ಸೆಪ್ಟೆಂಬರಿನಲ್ಲಿ ಬಿಡುಗಡೆಯಾಯಿತು. 1945ರಲ್ಲಿ ಅವರು ಬರೆದ ಪದ್ಯದಲ್ಲಿ ಸೈನಿಕನೊಬ್ಬ ಗೆದ್ದು ಊರಿಗೆ ಬರುತ್ತಾನೆ. ಮನೆ ಸುಟ್ಟುಹೋಗಿದೆ, ಹೆಂಡತಿ ಪ್ರಸ್ಕೋವ್ಯಾ ಮಣ್ಣಿನಡಿಯಲ್ಲಿದ್ದಾಳೆ. ಸಮಾಧಿಯ ಕಲ್ಲನ್ನೇ ಮೇಜು ಮಾಡಿಕೊಂಡು, ತಾಮ್ರದ ಲೋಟದಲ್ಲಿ ಒಬ್ಬನೇ ಕುಡಿಯುತ್ತಾನೆ. ಎದೆಯ ಮೇಲೆ ಹೊಳೆಯುವುದು ಬುಡಾಪೆಸ್ಟ್ ಗೆದ್ದದ್ದಕ್ಕೆ ಕೊಟ್ಟ ಪದಕ. ಆ ಪದಕವನ್ನು ಗಮನಿಸಿ: ಪರದೇಶದ ರಾಜಧಾನಿಯನ್ನು ಗೆದ್ದವನಿಗೆ ತನ್ನ ಹಳ್ಳಿಯಲ್ಲಿ ತಲೆಯ ಮೇಲೆ ಒಂದು ಸೂರಿಲ್ಲ.

1946ರಲ್ಲಿ ಅಚ್ಚಾದ ಪದ್ಯವನ್ನು ವಿಮರ್ಶಕರು ನಿರಾಶಾವಾದವೆಂದು ಬೈದರು. ಗೆದ್ದ ದೇಶದ ಸೈನಿಕ ಅಳುವುದುಂಟೇ? ಹಾಡು ಹದಿನಾಲ್ಕು ವರ್ಷ ಬಾಯಿ ಮುಚ್ಚಿಕೊಂಡಿತ್ತು. 1960ರಲ್ಲಿ, ಜನ ಮೋಜಿಗಾಗಿ ಬಂದು ಕೂತಿದ್ದ ಮ್ಯೂಸಿಕ್ ಹಾಲ್ ಪ್ರದರ್ಶನವೊಂದರಲ್ಲಿ ಚಿತ್ರನಟ ಮಾರ್ಕ್ ಬೆರ್ನೆಸ್ ಅದನ್ನು ಹಾಡಿದರು. ಅವರದು ದೊಡ್ಡ ಶಾರೀರವಲ್ಲ, ಮಾತಿನ ಅಂಚಿನಲ್ಲಿ ನಿಲ್ಲುವ ಹಾಡುಗಾರಿಕೆ. ಈ ಪದ್ಯಕ್ಕೆ ಒಪ್ಪುವುದು ಅಂಥ ಕಂಠವೇ. ಕತ್ಯೂಷಾ ತನ್ನ ಊರನ್ನು ಬಿಟ್ಟು ಲೋಕ ಸುತ್ತಿದಳು. ಪ್ರಸ್ಕೋವ್ಯಾ ಊರಿನ ಮಣ್ಣಿನಲ್ಲೇ ಉಳಿದಳು. ಸ್ಮೊಲೆನ್ಸ್ಕ್‌ನ ನೆನಪು ಇರುವುದು ಎರಡನೆಯವಳಲ್ಲಿ ಎಂಬುದು ನನ್ನ ವಾದ.

ಅಧ್ಯಕ್ಷರ ಚೀಟಿ ಬಂದಿದೆ. ‘ಕತ್ಯೂಷಾ’ ರಾಗಕ್ಕೆ ಇಟಲಿಯ ಗೆರಿಲ್ಲಾ ಹೋರಾಟಗಾರರು ತಮ್ಮದೇ ಮಾತು ಹೊಂದಿಸಿ ಹಾಡಿದ ಸಂಗತಿಯನ್ನು ವಿವರಿಸಬೇಕೆಂದಿದ್ದೆ, ಅದನ್ನು ಬಿಡುತ್ತೇನೆ. ಚಹಾಕ್ಕೆ ಏಳುವ ಮುನ್ನ ಬೆರ್ನೆಸ್ ಅವರ ಧ್ವನಿಮುದ್ರಿಕೆಯನ್ನು ಕೇಳೋಣ. ಧ್ವನಿವರ್ಧಕದವರು ದಯವಿಟ್ಟು ಸದ್ದನ್ನು ಸ್ವಲ್ಪ ತಗ್ಗಿಸಬೇಕು.